ಪಂಚಾಯ್ತಿ ಕುರ್ಚಿಗೆ ಜಾತಿ ಕಾಗದ ಬಂದ ದಾರಿ

2020ರ ಡಿಸೆಂಬರ್ ನೆನಪಿದೆಯಲ್ಲ? ಕೊರೊನಾ ನಡುವೆಯೇ ಗ್ರಾಮ ಪಂಚಾಯ್ತಿ ಚುನಾವಣೆ ಬಂತು. ಮೊದಲ ಹಂತಕ್ಕೆ ಡಿಸೆಂಬರ್ 7ರಂದು ಅಧಿಸೂಚನೆ, 11ಕ್ಕೆ ನಾಮಪತ್ರದ ಕೊನೆ ದಿನ. ನಡುವೆ ಸಿಕ್ಕಿದ್ದು ಐದೇ ದಿನ.

ನಮ್ಮ ಗುಂಪಿನ ಒಬ್ಬರ ಚಿಕ್ಕಮ್ಮ ಆ ಐದು ದಿನವನ್ನು ನಾಡಕಚೇರಿ ಬಾಗಿಲಲ್ಲೇ ಕಳೆದರು. ಅವರ ವಾರ್ಡು ಪರಿಶಿಷ್ಟ ಜಾತಿ ಮಹಿಳೆಗೆ ಮೀಸಲಾಗಿತ್ತು. ಸ್ತ್ರೀಶಕ್ತಿ ಸಂಘದ ಲೆಕ್ಕ ಬರೆದು ಅಭ್ಯಾಸವಿದ್ದ, ಗ್ರಾಮಸಭೆಯಲ್ಲಿ ಎದ್ದು ನಿಂತು ನೀರಿನ ಟ್ಯಾಂಕಿನ ಬಗ್ಗೆ ಕೇಳುವ ಹೆಂಗಸು. ಕೇರಿಯವರೇ ಒತ್ತಾಯ ಮಾಡಿ ನಿಲ್ಲಿಸಲು ಹೊರಟಿದ್ದರು. ಠೇವಣಿಗೆ ನೂರು ರೂಪಾಯಿ ಯಾರೋ ಕೊಟ್ಟೂ ಆಗಿತ್ತು.

ಚಿಕ್ಕಮ್ಮ ತಂದಿದ್ದ ಕಾಗದ ನೋಡಿ ಕೌಂಟರಿನ ಹುಡುಗ ಹೇಳಿದ್ದು ಇಷ್ಟೇ: "ಅಮ್ಮಾ, ಇದು ನಿಮ್ಮ ಯಜಮಾನ್ರ ಸರ್ಟಿಫಿಕೇಟು. ನಿಮ್ದು ಬೇಕು. ಅದೂ ನಿಮ್ಮ ತಂದೆ ಕಡೆಯಿಂದ. ತವರಿನ ತಾಲ್ಲೂಕಿಗೆ ಹೋಗಿ ಮಾಡಿಸ್ಕಂಡು ಬನ್ನಿ."

"ಇಪ್ಪತ್ತೆರಡು ವರ್ಷದಿಂದ ಈ ಕೇರಿಯಾಗೆ ಅದೀನಪ್ಪ. ನನ್ ಜಾತಿ ಊರಿಗೆಲ್ಲ ಗೊತ್ತು. ಹೋಟ್ಲಾಗೆ ಲೋಟ ಬೇರೆ ಇಡುವಾಗ ಯಾರೂ ಸರ್ಟಿಫಿಕೇಟು ಕೇಳ್ಲಿಲ್ಲ" ಅಂದರು ಚಿಕ್ಕಮ್ಮ.

ಆ ಹುಡುಗನ ಹತ್ತಿರ ಉತ್ತರ ಇರಲಿಲ್ಲ. ಅವನ ತಪ್ಪೂ ಅಲ್ಲ. ಊರಿಗೆಲ್ಲ ಗೊತ್ತಿರುವ ಸಂಗತಿಗೆ ಕಾಗದ ಯಾವಾಗಿನಿಂದ ಬೇಕಾಯಿತು, ಯಾಕೆ ಬೇಕಾಯಿತು ಎಂದು ನಾವು ಹುಡುಕಲು ಶುರು ಮಾಡಿದ್ದು ಅವತ್ತಿನಿಂದ. ಸಿಕ್ಕಿದ್ದನ್ನು ಇಲ್ಲಿ ಇಡುತ್ತಿದ್ದೇವೆ.

ಶಾನುಭೋಗರ ಪುಸ್ತಕದಿಂದ ಸರ್ಕಾರದ ಪಟ್ಟಿಗೆ

ಜಾತಿ ಬರೆದಿಡುವುದು ಸರ್ಕಾರಕ್ಕೆ ಹೊಸದಲ್ಲ. ಮೈಸೂರು ಸಂಸ್ಥಾನದಲ್ಲಿ 1871ರ ಜನಗಣತಿಯಲ್ಲೇ ಜಾತಿಗಳನ್ನು ಎಣಿಸಿದ್ದರು. ದೇಶದಲ್ಲಿ ಎಲ್ಲ ಜಾತಿಗಳ ಲೆಕ್ಕ ಕೊನೆಯ ಸಲ ಪೂರ್ತಿಯಾಗಿ ಅಚ್ಚಾಗಿ ಹೊರಬಂದದ್ದು 1931ರ ಗಣತಿಯಲ್ಲಿ. ಆದರೆ ಅದು ಜನರನ್ನು ಎಣಿಸುವ ಲೆಕ್ಕ. ಯಾರ ಕೈಗೂ ಕಾಗದ ಬರುತ್ತಿರಲಿಲ್ಲ. ಊರ ಮಟ್ಟದಲ್ಲಿ ಪಟೇಲರಿಗೆ, ಶಾನುಭೋಗರಿಗೆ ಯಾರು ಯಾರೆಂದು ಗೊತ್ತಿತ್ತು, ಅಷ್ಟೇ ಸಾಕಾಗಿತ್ತು. ಆ ವಂಶಪಾರಂಪರ್ಯದ ಹುದ್ದೆಗಳು ನಮ್ಮ ರಾಜ್ಯದಲ್ಲಿ ರದ್ದಾದದ್ದು 1963ರ ಫೆಬ್ರವರಿ 1ರಿಂದ. ಅವರ ಜಾಗಕ್ಕೆ ಗ್ರಾಮ ಲೆಕ್ಕಿಗರು ಬಂದರು. ಬೇರೆ ಊರಿನವರು, ವರ್ಗವಾಗುವವರು. ಅವರಿಗೆ ಊರು ಗೊತ್ತಿರಲಿಲ್ಲ, ದಾಖಲೆ ಬೇಕಾಗುತ್ತಿತ್ತು. ಪಟೇಲರ ದರ್ಬಾರು ಹೋದದ್ದು ಒಳ್ಳೆಯದೇ. ಆದರೆ ಗೊತ್ತಿರುವ ಜಾಗದಲ್ಲಿ ಕಾಗದ ಬಂದು ಕೂರಲು ಅದೂ ಒಂದು ಕಾರಣ ಎಂದು ನಮಗೆ ಅನ್ನಿಸುತ್ತದೆ.

ಇನ್ನೊಂದು ಕಡೆಯಿಂದ ಪಟ್ಟಿಗಳು ಬಂದವು. 1935ರ ಕಾಯ್ದೆಯ ಕೆಳಗೆ 1936ರಲ್ಲಿ ಬ್ರಿಟಿಷ್ ಪ್ರಾಂತ್ಯಗಳಿಗೆ ಪರಿಶಿಷ್ಟ ಜಾತಿಗಳ ಪಟ್ಟಿ ಹೊರಟಿತು. ಮುಂಬೈ ಪ್ರಾಂತ್ಯದಲ್ಲಿದ್ದ ಧಾರವಾಡ, ಬೆಳಗಾವಿ, ಬಿಜಾಪುರ, ಮದ್ರಾಸಿಗೆ ಸೇರಿದ್ದ ಬಳ್ಳಾರಿ, ದಕ್ಷಿಣ ಕನ್ನಡಗಳಿಗೆ ಅದು ಅನ್ವಯವಾಯಿತು. ಸಂವಿಧಾನ ಬಂದ ಮೇಲೆ 1950ರ ಆಗಸ್ಟ್ 10ರಂದು ಪರಿಶಿಷ್ಟ ಜಾತಿಗಳ ಆದೇಶ, ಸೆಪ್ಟೆಂಬರ್ 6ರಂದು ಪರಿಶಿಷ್ಟ ಪಂಗಡಗಳ ಆದೇಶ ಹೊರಬಂದವು. 341 ಮತ್ತು 342ನೇ ವಿಧಿಗಳ ಪ್ರಕಾರ ಪಟ್ಟಿ ಹೊರಡಿಸುವುದು ರಾಷ್ಟ್ರಪತಿ. ಆಮೇಲೆ ಅದಕ್ಕೆ ಹೆಸರು ಸೇರಿಸುವುದು, ತೆಗೆಯುವುದು ಸಂಸತ್ತು ಮಾತ್ರ. ತಹಶೀಲ್ದಾರ್ ಇರಲಿ, ಮುಖ್ಯಮಂತ್ರಿಗೂ ಒಂದಕ್ಷರ ತಿದ್ದುವ ಅಧಿಕಾರವಿಲ್ಲ.

ಒಂದಕ್ಷರ ಎಂದು ಸುಮ್ಮನೆ ಹೇಳಲಿಲ್ಲ. ಒಂದು ಮೊಕದ್ದಮೆ ಕೇಳಿ.

1962ರ ವಿಧಾನಸಭಾ ಚುನಾವಣೆ. ಬೆಂಗಳೂರು ದಕ್ಷಿಣ ಪರಿಶಿಷ್ಟ ಜಾತಿಗೆ ಮೀಸಲು ಕ್ಷೇತ್ರ. ಡಿ. ಮುನಿಚಿನ್ನಪ್ಪ ಗೆದ್ದರು. ಬಿ. ಬಸವಲಿಂಗಪ್ಪ ತಕರಾರು ಹಾಕಿದರು: ಗೆದ್ದವರು ವಡ್ಡರ ಜಾತಿಯವರು, ಪಟ್ಟಿಯಲ್ಲಿ ಇರುವುದು ಭೋವಿ, ವಡ್ಡರ ಎಂಬ ಹೆಸರೇ ಅದರಲ್ಲಿ ಇಲ್ಲ, ಆದ್ದರಿಂದ ಆಯ್ಕೆ ಅಸಿಂಧು.

ಕಲ್ಲು ಒಡೆದು, ಕೆರೆ ಕಟ್ಟೆ ತೋಡಿ ಬದುಕಿದ ಆ ಜನ ಯಾರೆಂದು ಹಳೆ ಮೈಸೂರಿನ ಯಾವ ಊರಿನವರಿಗೆ ಗೊತ್ತಿಲ್ಲ? ಆದರೂ ಪ್ರಶ್ನೆ ಸುಪ್ರೀಂ ಕೋರ್ಟಿನವರೆಗೆ ಹೋಯಿತು. ಅಲ್ಲಿ ಹೊರಬಂದ ಕತೆ ಇದು. 1944ರಲ್ಲಿ ವಡ್ಡರ ಸಮುದಾಯದವರು ಸಮ್ಮೇಳನ ಸೇರಿ ತಮ್ಮ ಹೆಸರನ್ನು ಬೋಯಿ ಎಂದು ಬದಲಿಸಬೇಕೆಂದು ತೀರ್ಮಾನಿಸಿದ್ದರು. ಅದನ್ನು ಒಪ್ಪಿ ಮೈಸೂರು ಸರ್ಕಾರ 1946ರಲ್ಲಿ ಆದೇಶ ಮಾಡಿತ್ತು. ಬೈಗುಳದಂತೆ ಬಳಕೆಯಾಗುತ್ತಿದ್ದ ಹೆಸರನ್ನು ಬಿಟ್ಟು ಗೌರವದ ಹೆಸರು ಬೇಕು ಎಂದು ಜನ ಕೇಳಿದ್ದು ಸಹಜವೇ. 1950ರಲ್ಲಿ ದೆಹಲಿಯಲ್ಲಿ ಪಟ್ಟಿ ತಯಾರಾದಾಗ ಮೈಸೂರಿನ ಪಾಲಿಗೆ ಬಂದದ್ದು ಭೋವಿ ಎಂಬ ಹೆಸರು. ಬೋಯಿ ಅಲ್ಲ, ಭೋವಿ.

1964ರಲ್ಲಿ ಸುಪ್ರೀಂ ಕೋರ್ಟು ಹೇಳಿದ್ದು ಹೀಗೆ: ಪಟ್ಟಿಯಲ್ಲಿ ಇಲ್ಲದ ಜಾತಿಯನ್ನು ಇದೂ ಅದೇ ಎಂದು ಸಾಕ್ಷಿ ತಂದು ಸಾಮಾನ್ಯವಾಗಿ ಸೇರಿಸುವಂತಿಲ್ಲ. ಆದರೆ 1956ಕ್ಕೆ ಮುಂಚಿನ ಮೈಸೂರಿನಲ್ಲಿ ಭೋವಿ ಎಂಬ ಬೇರೆ ಜಾತಿಯೇ ಇರಲಿಲ್ಲ. ಇಲ್ಲದ ಜಾತಿಯನ್ನು ರಾಷ್ಟ್ರಪತಿಗಳು ಪಟ್ಟಿಗೆ ಹಾಕಿರಲಾರರು. ಹಾಗಾದರೆ ಆ ಹೆಸರಿನಿಂದ ಯಾರನ್ನು ಉದ್ದೇಶಿಸಿದ್ದರು ಎಂದು ಹುಡುಕಲೇಬೇಕು, ಹುಡುಕಿದರೆ ಸಿಗುವುದು ವಡ್ಡರೇ. ಮುನಿಚಿನ್ನಪ್ಪನವರ ಆಯ್ಕೆ ಉಳಿಯಿತು.

ತಮ್ಮ ಹೆಸರನ್ನು ತಾವೇ ಬದಲಿಸಿಕೊಂಡ ಒಂದು ಸಭೆಯ ತೀರ್ಮಾನ ಸಿಗದೇ ಇದ್ದಿದ್ದರೆ ಏನಾಗುತ್ತಿತ್ತು ಎಂದು ಯೋಚಿಸಿ. ಆ ಪೀಳಿಗೆಯ ಭೋವಿಗಳ ಮೀಸಲು ಸೀಟು ಒಂದು ಕಾಗುಣಿತದಲ್ಲಿ ಸಿಕ್ಕಿಹಾಕಿಕೊಳ್ಳುತ್ತಿತ್ತು.

ಇನ್ನೊಂದು ನಮ್ಮದೇ ಕೋಲಾರ ಚಿನ್ನದ ಗಣಿಯ ಕತೆ. 1967ರಲ್ಲಿ ಕೆಜಿಎಫ್ ಮೀಸಲು ಕ್ಷೇತ್ರದಿಂದ ಎಸ್. ರಾಜಗೋಪಾಲ್ ಗೆದ್ದರು. ಅವರು ಹಿಂದೆ ಕ್ರೈಸ್ತ ಧರ್ಮಕ್ಕೆ ಸೇರಿದ್ದರು, ಮತ್ತೆ ಆದಿ ದ್ರಾವಿಡ ಜಾತಿಗೆ ಮರಳಿದ್ದಕ್ಕೆ ಪುರಾವೆ ಸಾಲದು ಎಂದು ಆ ಆಯ್ಕೆ ಬಿದ್ದುಹೋಯಿತು. 1972ರಲ್ಲಿ ಅವರೇ ಮತ್ತೆ ನಿಂತು ಗೆದ್ದರು. ಎದುರಾಳಿ ಸಿ.ಎಂ. ಆರ್ಮುಗಂ ಮತ್ತೆ ಕೋರ್ಟಿಗೆ ಹೋದರು. ಈ ಸಲ, 1975ರಲ್ಲಿ, ಸುಪ್ರೀಂ ಕೋರ್ಟು ಆಯ್ಕೆಯನ್ನು ಎತ್ತಿಹಿಡಿಯಿತು. ಅದೇ ಮನುಷ್ಯ, ಅದೇ ಕ್ಷೇತ್ರ, ಉತ್ತರ ಮಾತ್ರ ಬೇರೆ. ಅವರ ಜಾತಿಯ ಜನ ಅವರನ್ನು ತಮ್ಮವರೆಂದು ಒಪ್ಪಿಕೊಂಡು ನಡೆದುಕೊಳ್ಳುತ್ತಿದ್ದಾರೆ ಎಂಬುದು ಈ ಸಲ ಸಾಬೀತಾಗಿತ್ತು.

ಈ ಎರಡೂ ಕತೆಗಳು ವಿಧಾನಸಭೆಯವು ನಿಜ. ಆದರೆ ಪಂಚಾಯ್ತಿಯ ಮೀಸಲು ಸೀಟಿನ ಜಗಳಗಳು ಇವತ್ತಿಗೂ ನಡೆಯುವುದು ಈ ತಳಪಾಯದ ಮೇಲೇ. ಆಗಿನ ಕೋರ್ಟುಗಳು ಜನರನ್ನು ಕೇಳುತ್ತಿದ್ದವು ಎಂಬುದನ್ನು ಗಮನಿಸಿ. ಸಮ್ಮೇಳನ ಏನು ಹೇಳಿತು, ಕೇರಿ ಯಾರನ್ನು ಒಪ್ಪಿತು, ಮದುವೆ ಮುಂಜಿಗೆ ಯಾರನ್ನು ಕರೆಯಿತು. ಸಾಕ್ಷಿ ಜನರ ಬಾಯಲ್ಲಿ ಇತ್ತು.

ತಾಲ್ಲೂಕು ದಾಟಿದರೆ ಜಾತಿ ಬೇರೆ

1956ರಲ್ಲಿ ಮೈಸೂರು, ಮುಂಬೈ, ಹೈದರಾಬಾದ್, ಮದ್ರಾಸ್, ಕೊಡಗು ಭಾಗಗಳು ಒಂದಾದವು. ಜನ ಒಂದಾದರು, ಪಟ್ಟಿಗಳು ಒಂದಾಗಲಿಲ್ಲ. ಹಳೆ ಮೈಸೂರಿಗೆ ಒಂದು, ಮುಂಬೈ ಕರ್ನಾಟಕಕ್ಕೆ ಒಂದು, ಗುಲ್ಬರ್ಗಾ ಬೀದರ್ ರಾಯಚೂರಿಗೆ ಒಂದು, ದಕ್ಷಿಣ ಕನ್ನಡ ಮತ್ತು ಕೊಳ್ಳೇಗಾಲಕ್ಕೆ ಒಂದು, ಕೊಡಗಿಗೆ ಇನ್ನೊಂದು. ಒಂದೇ ರಾಜ್ಯದೊಳಗೆ ಗಂಟುಮೂಟೆ ಕಟ್ಟಿಕೊಂಡು ಪಕ್ಕದ ಜಿಲ್ಲೆಗೆ ಹೋದರೆ ಪರಿಶಿಷ್ಟ ಎಂಬ ಗುರುತೇ ಕಳಚಿ ಬೀಳುವ ಸ್ಥಿತಿ. ಈ ಎಲ್ಲೆಗಳಲ್ಲಿ ಬಹುಪಾಲನ್ನು ಅಳಿಸಿದ್ದು 1976ರ ತಿದ್ದುಪಡಿ ಕಾಯ್ದೆ. ಅದು ಜಾರಿಯಾದದ್ದು 1977ರ ಜುಲೈ 27ರಂದು.

ಬಹುಪಾಲು ಎಂದೆವು, ಪೂರ್ತಿ ಅಲ್ಲ. ಆ ಪಟ್ಟಿಯಲ್ಲಿ ಕಮ್ಮಾರರು ಪರಿಶಿಷ್ಟ ಪಂಗಡವಾದದ್ದು ದಕ್ಷಿಣ ಕನ್ನಡ ಜಿಲ್ಲೆ ಮತ್ತು ಕೊಳ್ಳೇಗಾಲ ತಾಲ್ಲೂಕಿನಲ್ಲಿ ಮಾತ್ರ. ಕುರುಬರು ಕೊಡಗಿನಲ್ಲಿ ಮಾತ್ರ. ಕೊಳ್ಳೇಗಾಲದಿಂದ ಬಸ್ಸು ಹತ್ತಿ ಅರ್ಧ ಗಂಟೆ ದೂರ ಹೋದರೆ ಅದೇ ಕುಲುಮೆ, ಅದೇ ತಿದಿ, ಅದೇ ಸುತ್ತಿಗೆ, ಕಾಗದ ಮಾತ್ರ ಬೇರೆ. ಯಾವ ಕಾಲದಲ್ಲೋ ಮದ್ರಾಸಿನವರು ಎಳೆದ ಗೆರೆ ಇವತ್ತಿನ ವಾರ್ಡಿನ ಅಭ್ಯರ್ಥಿಯನ್ನು ತೀರ್ಮಾನಿಸುತ್ತದೆ.

ಕುರ್ಚಿ ಬಂತು, ಜೊತೆಗೆ ಕಾಗದವೂ

ಪಂಚಾಯ್ತಿಗಳಲ್ಲಿ ಮೀಸಲಾತಿ 1959ರ ಕಾಯ್ದೆಯ ಕಾಲಕ್ಕೇ ಇತ್ತು. ಆದರೆ ಆ ಪಂಚಾಯ್ತಿಗಳ ಹತ್ತಿರ ದುಡ್ಡೂ ಇರಲಿಲ್ಲ, ಅಧಿಕಾರವೂ ಇರಲಿಲ್ಲ. ಜನ ಜಗಳ ಆಡುವಷ್ಟು ಬೆಲೆ ಆ ಕುರ್ಚಿಗೆ ಇರಲಿಲ್ಲ ಅನ್ನಬಹುದು. 1983ರ ಕಾಯ್ದೆ, 1987ರ ಜನವರಿಯ ಮಂಡಲ ಪಂಚಾಯ್ತಿ ಚುನಾವಣೆ ಅದನ್ನು ಬದಲಿಸಿದವು. ಹೆಂಗಸರಿಗೆ ನೂರಕ್ಕೆ 25 ಸೀಟು ಎಂಬ ಮಾತು ಆಗ ಹೊಸದು. ಅಬ್ದುಲ್ ನಜೀರ್ ಸಾಬರನ್ನು ಇವತ್ತಿಗೂ ಹಳ್ಳಿಗಳಲ್ಲಿ ನೀರ್ ಸಾಬ್ ಎಂದು ನೆನೆಯುತ್ತಾರೆ. ಬೋರ್‌ವೆಲ್ ನೀರಿನಷ್ಟೇ ದೊಡ್ಡ ಅವರ ಕೆಲಸ ಈ ಪಂಚಾಯ್ತಿಗಳು.

ಆಮೇಲೆ 73ನೇ ತಿದ್ದುಪಡಿ. 1993ರ ಏಪ್ರಿಲ್ 24ರಿಂದ ಜಾರಿ. 243ಡಿ ವಿಧಿ ಪರಿಶಿಷ್ಟ ಜಾತಿ, ಪಂಗಡಗಳಿಗೆ ಜನಸಂಖ್ಯೆಗೆ ತಕ್ಕಂತೆ ಸೀಟು ಕೊಡಲೇಬೇಕು ಎಂದಿತು. ಸದಸ್ಯತನ ಮಾತ್ರವಲ್ಲ, ಅಧ್ಯಕ್ಷರ ಕುರ್ಚಿಯೂ ಮೀಸಲಿಗೆ ಬಂತು. ನಮ್ಮ ರಾಜ್ಯದ ಕಾಯ್ದೆ ಅದೇ ವರ್ಷ ಮೇ 10ರಂದು ಜಾರಿಯಾಯಿತು. ನಾನೂರು ಜನಸಂಖ್ಯೆಗೆ ಒಬ್ಬ ಸದಸ್ಯ, ಹಿಂದುಳಿದ ವರ್ಗಗಳಿಗೆ ಮೂರನೇ ಒಂದರಷ್ಟು ಸೀಟು, ಅದರಲ್ಲಿ ನೂರಕ್ಕೆ 80 'ಅ' ವರ್ಗಕ್ಕೆ, 20 'ಬ' ವರ್ಗಕ್ಕೆ. ಇವತ್ತು ಕರ್ನಾಟಕದಲ್ಲಿ ಸುಮಾರು 6,000 ಗ್ರಾಮ ಪಂಚಾಯ್ತಿಗಳಿವೆ. ಒಂದೊಂದು ವಾರ್ಡಿನ ಮೇಲೂ ಯಾವುದಾದರೂ ವರ್ಗದ ಹೆಸರು ಕೂತಿದೆ, ಇಲ್ಲವೇ 'ಸಾಮಾನ್ಯ' ಎಂದಿದೆ.

ನರೇಗಾ, ಹಣಕಾಸು ಆಯೋಗದ ಅನುದಾನ, ಮನೆ ಹಂಚಿಕೆ ಎಲ್ಲ ಬಂದ ಮೇಲೆ ಕುರ್ಚಿಗೆ ಬೆಲೆ ಬಂತು. ಬೆಲೆ ಬಂದ ಮೇಲೆ, ತನ್ನದಲ್ಲದ ಜಾತಿಯ ಹೆಸರು ಹೇಳಿಕೊಂಡು ಬಂದು ಕೂರುವವರೂ ಹುಟ್ಟಿಕೊಂಡರು. ಕಾಗದ ಬೇಕಾದದ್ದು ಅದಕ್ಕೇ. ಇದನ್ನು ಒಪ್ಪಲೇಬೇಕು. ಯಾರೂ ಕಾಗದ ಕೇಳದೇ ಇದ್ದಿದ್ದರೆ ಊರ ಗೌಡರ ಮನೆಯವರೇ ಎಲ್ಲ ಮೀಸಲು ಸೀಟಿಗೂ ನಾಮಪತ್ರ ಹಾಕುತ್ತಿದ್ದರು. ಚಿಕ್ಕಮ್ಮನಿಗೂ ಈ ಮಾತು ಗೊತ್ತು.

ಇಲ್ಲಿ ಒಂದು ತಮಾಷೆ ಇದೆ. ತಹಶೀಲ್ದಾರ್ ಕೊಡುವ ಜಾತಿ ಪ್ರಮಾಣಪತ್ರದ ಹಿಂದಿರುವ ಕಾಯ್ದೆ 1990ರದು, ನಿಯಮಗಳು 1992ರವು. ಆ ಕಾಯ್ದೆಯ ಹೆಸರಿನಲ್ಲಿರುವುದು 'ನೇಮಕಾತಿ ಇತ್ಯಾದಿಗಳ ಮೀಸಲಾತಿ'. ಅಂದರೆ ನೌಕರಿಗೆಂದು ಮಾಡಿದ ಕಾಯ್ದೆ. ನೌಕರಿಗೆ ಅರ್ಜಿ ಹಾಕುವವರು ಓದಿದವರು, ಶಾಲೆಯ ದಾಖಲೆ ಇರುವವರು, ತಿಂಗಳುಗಟ್ಟಲೆ ಕಾಯಬಲ್ಲವರು. ಪಂಚಾಯ್ತಿಗೆ ನಿಲ್ಲುವ ಕೂಲಿ ಹೆಂಗಸು ಆ 'ಇತ್ಯಾದಿ'ಯೊಳಗೆ ಬಂದು ಬಿದ್ದಳು.

ವ್ಯವಸ್ಥೆ ಹೀಗಿದೆ. ಅರ್ಜಿ ಕೊಟ್ಟರೆ ಗ್ರಾಮ ಲೆಕ್ಕಿಗರು, ರಾಜಸ್ವ ನಿರೀಕ್ಷಕರು ವಿಚಾರಣೆ ಮಾಡಿ ವರದಿ ಕೊಡುತ್ತಾರೆ, ತಹಶೀಲ್ದಾರ್ ಕಾಗದ ಕೊಡುತ್ತಾರೆ. ಕೊಡಲಿಲ್ಲವಾದರೆ ಉಪವಿಭಾಗಾಧಿಕಾರಿಗೆ ಮೇಲ್ಮನವಿ. ಕೊಟ್ಟ ಕಾಗದ ಖರೆಯೋ ಸುಳ್ಳೋ ಎಂದು ನೋಡಲು ಜಿಲ್ಲಾಧಿಕಾರಿಗಳ ಅಧ್ಯಕ್ಷತೆಯ ಜಾತಿ ಪರಿಶೀಲನಾ ಸಮಿತಿ ಇದೆ. ಇಂಥ ಸಮಿತಿಗಳಿಗೆ ಬಲ ಬಂದದ್ದು 1994ರ ಸೆಪ್ಟೆಂಬರ್ 2ರ ಸುಪ್ರೀಂ ಕೋರ್ಟು ತೀರ್ಪಿನಿಂದ. ಮಹಾರಾಷ್ಟ್ರದ ಇಬ್ಬರು ಅಕ್ಕತಂಗಿಯರು ಮಹಾದೇವ ಕೋಳಿ ಪಂಗಡದವರೆಂದು ಹೇಳಿ ವೈದ್ಯಕೀಯ ಸೀಟು ಪಡೆದ ಪ್ರಕರಣ, ಮಾಧುರಿ ಪಾಟೀಲ್ ಪ್ರಕರಣ ಎಂದೇ ಹೆಸರಾಗಿದೆ. ಪ್ರತಿ ರಾಜ್ಯವೂ ಪರಿಶೀಲನಾ ಸಮಿತಿ ಮಾಡಬೇಕು, ಊರಿಗೆ ಹೋಗಿ ವಿಚಾರಿಸುವ ಜಾಗೃತ ದಳ ಇರಬೇಕು ಎಂದು ಕೋರ್ಟು 15 ಸೂಚನೆ ಕೊಟ್ಟಿತು. 2000ದಲ್ಲಿ ಮಿಲಿಂದ್ ಎಂಬುವರ ಪ್ರಕರಣದಲ್ಲಿ ಇನ್ನೂ ಬಿಗಿ ಮಾಡಿತು. ಪಟ್ಟಿಯಲ್ಲಿ ಹಲ್ಬಾ ಎಂದಿದ್ದರೆ ಹಲ್ಬಾ ಮಾತ್ರ, ಹಲ್ಬಾ ಕೋಷ್ಟಿ ಅದರೊಳಗೆ ಬರುತ್ತದೆಯೇ ಎಂದು ಹುಡುಕುತ್ತ ಹೋಗುವಂತೆಯೂ ಇಲ್ಲ. ಭೋವಿಗಳಿಗೆ 1964ರಲ್ಲಿ ತೆರೆದ ಬಾಗಿಲು ಹೆಚ್ಚುಕಡಿಮೆ ಮುಚ್ಚಿತು. ಅಲ್ಲಿಂದಾಚೆಗೆ ಸಾಕ್ಷಿ ಜನರ ಬಾಯಿಂದ ಕಾಗದಕ್ಕೆ ಹೋಯಿತು.

ಗಡಿಯಾಚೆ ಇದು ಇನ್ನೂ ಬಿರುಸು. ಜತ್, ಅಕ್ಕಲಕೋಟೆ ತಾಲ್ಲೂಕುಗಳ ಕನ್ನಡದ ಹಳ್ಳಿಗಳಿಗೆ ಅನ್ವಯವಾಗುವುದು ಮಹಾರಾಷ್ಟ್ರದ ಕಾನೂನು. ಅಲ್ಲಿ ಜಾತಿ ಪ್ರಮಾಣಪತ್ರ ಒಂದೇ ಸಾಲದು. ಗೆದ್ದವರು ಸಮಿತಿಯಿಂದ 'ಸಿಂಧುತ್ವ' ಪತ್ರವನ್ನೂ ತರಬೇಕು. ಆರು ತಿಂಗಳೊಳಗೆ ತರದಿದ್ದರೆ ಸದಸ್ಯತ್ವ ತಾನೇ ತಾನಾಗಿ ಹೋಗುತ್ತದೆ ಎಂಬುದನ್ನು 2018ರಲ್ಲಿ ಸುಪ್ರೀಂ ಕೋರ್ಟೂ ಒಪ್ಪಿತು. ತಡ ಮಾಡಿದ್ದು ಸಮಿತಿಯಾದರೂ ಸೀಟು ಹೋಗುವುದು ಸದಸ್ಯರದೇ. ಕೊಲ್ಹಾಪುರದ ನಗರಸೇವಕರಿಂದ ಹಿಡಿದು ಹಳ್ಳಿಯ ಸರಪಂಚರವರೆಗೆ ಎಷ್ಟೋ ಜನರ ಕುರ್ಚಿ ಅಲುಗಾಡಿತು. ಆಮೇಲೆ ಅಲ್ಲಿನ ಸರ್ಕಾರ ಗಡುವನ್ನು 12 ತಿಂಗಳಿಗೆ ಹಿಗ್ಗಿಸಿತು. ನಮ್ಮಲ್ಲಿ ಅಂಥ ನಿಯಮ ಇಲ್ಲ. ನಾಮಪತ್ರದ ಜೊತೆ ತಹಶೀಲ್ದಾರರ ಕಾಗದ ಇಡುತ್ತೇವೆ. ಸೋತವರಿಗೆ ಅನುಮಾನ ಇದ್ದರೆ ಫಲಿತಾಂಶ ಬಂದ 30 ದಿನದೊಳಗೆ ನ್ಯಾಯಾಲಯಕ್ಕೆ ಚುನಾವಣಾ ತಕರಾರು ಅರ್ಜಿ ಹಾಕಬೇಕು.

ತವರಿನ ಕಾಗದ

ಹೆಂಗಸರ ವಿಷಯಕ್ಕೆ ಬರೋಣ, ನಾವು ಶುರು ಮಾಡಿದ್ದು ಅಲ್ಲಿಂದಲೇ. ಗಂಡನ ಕಾಗದ ಯಾಕೆ ನಡೆಯುವುದಿಲ್ಲ?

ಬಿಹಾರದ ಖೂಂಟಿ ಲೋಕಸಭಾ ಕ್ಷೇತ್ರದ ಚುನಾವಣೆಗೆ ಆದಿವಾಸಿ ನಾಯಕ ಜೈಪಾಲ್ ಸಿಂಗ್ ಅವರ ವಿಧವೆ ಜಹಾನ್ ಆರಾ ನಾಮಪತ್ರ ಹಾಕಿದ್ದರು. ಹುಟ್ಟಿನಿಂದ ಅವರು ಮುಂಡಾ ಅಲ್ಲ ಎಂದು ತಿರಸ್ಕಾರವಾಯಿತು. ಮುಂಡಾ ಸಮುದಾಯ ಮದುವೆಯನ್ನು ಒಪ್ಪಿ ಅವರನ್ನು ತನ್ನೊಳಗೆ ಸೇರಿಸಿಕೊಂಡಿದೆ, ಆದ್ದರಿಂದ ಅವರು ನಿಲ್ಲಬಹುದಿತ್ತು ಎಂದು 1972ರಲ್ಲಿ ಸುಪ್ರೀಂ ಕೋರ್ಟು ಹೇಳಿತು. ಆಗಲೂ ಜನರ ಒಪ್ಪಿಗೆಗೆ ಬೆಲೆ ಇತ್ತು.

2005ರ ಹೊತ್ತಿಗೆ ಗಾಳಿ ತಿರುಗಿತ್ತು. ಆಂಧ್ರದ ಶೃಂಗವರಪುಕೋಟ ಪಂಗಡ ಮೀಸಲು ಕ್ಷೇತ್ರದಿಂದ 1999ರಲ್ಲಿ ಗೆದ್ದಿದ್ದ ಶೋಭಾ ಹೈಮಾವತಿ ದೇವಿ ಅವರ ಆಯ್ಕೆಯನ್ನು ಕೋರ್ಟು ರದ್ದು ಮಾಡಿತು. ಮದುವೆಯಿಂದ ಬಂದ ಜಾತಿ ಮೀಸಲು ಸೀಟಿಗೆ ಸಾಲದು ಎಂಬುದು ಅಲ್ಲಿ ಖಚಿತವಾಯಿತು. ಹುಟ್ಟಿದ ಮನೆಯೇ ಲೆಕ್ಕ. ಮೇಲ್ಜಾತಿಯಲ್ಲಿ ಹುಟ್ಟಿದವರು ಮದುವೆಯ ದಾರಿಯಲ್ಲಿ ಮೀಸಲು ಸೀಟಿಗೆ ಬರಬಾರದು ಎಂಬ ಕಾಳಜಿ ಅದರ ಹಿಂದಿದೆ. ಆ ಕಾಳಜಿ ತಪ್ಪೆಂದು ನಾವು ಹೇಳಲಾರೆವು.

ಆದರೆ ತವರೂ ದಲಿತರ ಕೇರಿ, ಸೇರಿದ ಮನೆಯೂ ದಲಿತರ ಕೇರಿ ಆಗಿರುವ ಹೆಂಗಸಿನ ಗತಿ ನೋಡಿ. ಗಂಡಸಿಗೆ ಕಾಗದ ಅವನ ಊರಲ್ಲೇ ಇದೆ. ಅಪ್ಪ, ಅಣ್ಣ, ದಾಯಾದಿ ಎಲ್ಲರ ದಾಖಲೆಯೂ ಒಂದೇ ನಾಡಕಚೇರಿಯಲ್ಲಿ. ಹೆಂಗಸು ಮಾತ್ರ ಇಪ್ಪತ್ತು ವರ್ಷದ ಹಿಂದೆ ಬಿಟ್ಟು ಬಂದ ಊರಿಗೆ ಹೋಗಿ, ತೀರಿಹೋದ ಅಪ್ಪನ ಹೆಸರಲ್ಲಿ, ತಾನು ಮೂರನೇ ಕ್ಲಾಸಿಗೆ ಬಿಟ್ಟ ಶಾಲೆಯ ದಾಖಲಾತಿ ಪುಸ್ತಕ ತೆಗೆಸಬೇಕು. ಮಹಿಳಾ ಮೀಸಲಾತಿ ಇಷ್ಟು ಹೆಚ್ಚಿದ ರಾಜ್ಯದಲ್ಲಿ ಈ ಓಡಾಟದ ಬಗ್ಗೆ ಯಾರೂ ಯೋಚಿಸಿದಂತೆ ಕಾಣುವುದಿಲ್ಲ.

ಚಿಕ್ಕಮ್ಮ ಹೋದರು. ಎರಡು ಬಸ್ಸು ಬದಲಿಸಿ ತವರಿನ ಶಾಲೆಗೆ. ಮೇಷ್ಟ್ರು ಒಳ್ಳೆಯವರು, ಬೀರು ತೆಗೆದು ಹಳೆ ಪುಸ್ತಕ ಹುಡುಕಿ ಕೊಟ್ಟರು. ಜಾತಿಯ ಕಾಲಮ್ಮಿನಲ್ಲಿ ಯಾವ ಕಾಲದ ಮೇಷ್ಟ್ರೋ ದುಂಡಗೆ ಬರೆದಿದ್ದರು: ಹರಿಜನ.

ಕರ್ನಾಟಕದ ಪರಿಶಿಷ್ಟ ಜಾತಿ ಪಟ್ಟಿಯಲ್ಲಿ 101 ಹೆಸರುಗಳಿವೆ. ಆದಿ ಕರ್ನಾಟಕ ಇದೆ, ಆದಿ ದ್ರಾವಿಡ ಇದೆ, ಹೊಲೆಯ ಇದೆ, ಮಾದಿಗ ಇದೆ. ಹರಿಜನ ಇಲ್ಲ. ಮೇಷ್ಟ್ರು ಒಳ್ಳೆ ಮಾತೆಂದುಕೊಂಡೇ ಬರೆದಿರಬಹುದು. ಆ ಮಾತು ಕಾನೂನಿನ ಮುಂದೆ ಯಾವ ಜಾತಿಯೂ ಅಲ್ಲ. ಅಣ್ಣನ ಟಿ.ಸಿ.ಯಲ್ಲಿ ಆದಿ ಕರ್ನಾಟಕ ಎಂದಿತ್ತು. ಅದನ್ನು ಹುಡುಕಿ, ವಂಶವೃಕ್ಷ ಬರೆಸಿ, ಗ್ರಾಮ ಲೆಕ್ಕಿಗರು ಸಿಗುವ ಹೊತ್ತಿಗೆ 10ನೇ ತಾರೀಖು ಸಂಜೆ.

ಹೆಸರಿಲ್ಲದವರು, ಹೆಸರು ಇದ್ದವರು

ಚಿಕ್ಕಮ್ಮನ ಪುಸ್ತಕದಲ್ಲಿ ತಪ್ಪು ಹೆಸರಿತ್ತು. ಕೆಲವರಿಗೆ ಪಟ್ಟಿಯಲ್ಲೇ ಹೆಸರಿರಲಿಲ್ಲ. ಚಾಮರಾಜನಗರ, ಮೈಸೂರು, ಕೊಡಗಿನ ಕಾಡಂಚಿನ ಬೆಟ್ಟ ಕುರುಬರ ಕತೆ ಅದು. ಪಟ್ಟಿಯಲ್ಲಿ ಇದ್ದದ್ದು ಜೇನು ಕುರುಬ, ಕಾಡು ಕುರುಬ. ತಮ್ಮನ್ನು ತಾವು ಬೆಟ್ಟ ಕುರುಬರೆಂದು ಹೇಳಿಕೊಂಡವರ ಹೆಸರು ಅದರಲ್ಲಿ ಇರಲಿಲ್ಲ. ಕಾಡಿನಲ್ಲೇ ಹುಟ್ಟಿ ಬೆಳೆದವರು ಆದಿವಾಸಿಗಳೆಂದು ತೋರಿಸಲು ಬೇರೆ ಹೆಸರಿನ ಹಿಂದೆ ನಿಲ್ಲಬೇಕಾಗಿತ್ತು, ಇಲ್ಲವೇ ಕಾಗದ ಇಲ್ಲದೆ ಇರಬೇಕಾಗಿತ್ತು. ಕಾಡು ಕುರುಬಕ್ಕೆ ಸಮಾನಾರ್ಥವಾಗಿ ಬೆಟ್ಟ ಕುರುಬ ಎಂದು ಸೇರಿಸಲು ಸಂಸತ್ತು ಒಪ್ಪಿದ್ದು 2022ರ ಡಿಸೆಂಬರಿನಲ್ಲಿ. 1950ರಿಂದ ಲೆಕ್ಕ ಹಾಕಿ, 72 ವರ್ಷ.

ನಾಯಕರ ಕತೆ ಇದಕ್ಕಿಂತ ಉದ್ದ. ಪಟ್ಟಿಯಲ್ಲಿ ಇದ್ದದ್ದು ನಾಯ್ಕಡ ಮತ್ತು ಅದರ ಜೊತೆಗಿನ ಕೆಲವು ಹೆಸರು. ಚಿತ್ರದುರ್ಗ, ಬಳ್ಳಾರಿ, ರಾಯಚೂರು ಸೀಮೆಯ ಬೇಡ, ಬೇಡರ್, ವಾಲ್ಮೀಕಿ ಎಂಬ ಹೆಸರುಗಳು ಕಾನೂನಿನಲ್ಲಿ ಬಂದದ್ದು 1991ರಲ್ಲಿ. 1993ರ ಪಂಚಾಯ್ತಿ ಚುನಾವಣೆಗೆ ಎರಡು ವರ್ಷ ಮೊದಲು ಇದು ಆಗದಿದ್ದರೆ ಆ ಸೀಮೆಯ ಪಂಚಾಯ್ತಿಗಳ ಚಹರೆಯೇ ಬೇರೆ ಇರುತ್ತಿತ್ತು. 2020ರಲ್ಲಿ ಪರಿವಾರ, ತಳವಾರ ಹೆಸರುಗಳೂ ಸೇರಿದವು. ತಳವಾರ ಎನ್ನುವುದು ಊರು ಕಾಯುವ ಕೆಲಸದ ಹೆಸರೂ ಹೌದು. ಹಾಗಾಗಿ ಆ ಹೆಸರಿನ ಎಲ್ಲರೂ ಒಂದೇ ಸಮುದಾಯವೇ ಎಂಬ ತಗಾದೆ ಕಲಬುರಗಿ, ವಿಜಯಪುರದ ಕಡೆ ಎದ್ದಿತು.

ಇದಕ್ಕೆ ತಿರುಗುಮುರುಗಾದದ್ದು ಬೇಡ ಜಂಗಮದ ಜಗಳ. ಪಟ್ಟಿಯಲ್ಲಿ ಬೇಡ ಜಂಗಮ, ಬುಡ್ಗ ಜಂಗಮ ಎಂಬ ಹೆಸರಿದೆ. ಊರೂರು ಅಲೆದು ಬದುಕಿದ ಬಡ ಸಮುದಾಯಕ್ಕೆಂದು ಇಟ್ಟ ಹೆಸರು ಇದು ಎನ್ನುತ್ತಾರೆ ಅವರು. ಜಂಗಮ ಎಂಬ ಪದ ಮಠ, ಪೂಜೆಯ ಮನೆತನಗಳಿಗೂ ಇದೆ, ಅವರಲ್ಲಿ ಕೆಲವರು ಆ ಹೆಸರು ತಮ್ಮದೂ ಹೌದು ಎನ್ನುತ್ತಾರೆ. ಪ್ರಮಾಣಪತ್ರ ಕೊಡುವುದು, ದೂರು, ವಿಚಾರಣೆ, ರದ್ದು, ಕೋರ್ಟು ಎಂದು ಇದು ದಶಕಗಳಿಂದ ಸಾಗಿದೆ. ಓಡಾಡಲು ವಕೀಲರು, ದಾಖಲೆ, ಸಮಯ ಇದ್ದವರಿಗೆ ಕಾಗದ ಬೇಗ ಸಿಗುತ್ತದೆ, ಇಲ್ಲದವರಿಗೆ ತಡವಾಗುತ್ತದೆ. ನಾವು ಕಂಡಂತೆ ಈ ವ್ಯವಸ್ಥೆಯ ದೊಡ್ಡ ಊನ ಇದೇ. ಬೇಲಿ ಕಟ್ಟಿದ್ದು ಹೊರಗಿನವರನ್ನು ತಡೆಯಲು, ಆದರೆ ಬೇಲಿಯ ಗೇಟಿನ ಹತ್ತಿರ ಕಾಯುತ್ತ ನಿಂತವರಲ್ಲಿ ಒಳಗಿನವರೇ ಜಾಸ್ತಿ.

ಈ ಓಡಾಟದಲ್ಲಿ ನಮಗೆ ತಿಳಿದ ಒಂದೆರಡು ಸಂಗತಿ ಓದುವವರಿಗೆ ಉಪಯೋಗಕ್ಕೆ ಬರಬಹುದು. ಚುನಾವಣೆ ಘೋಷಣೆಯಾಗುವವರೆಗೆ ಕಾಯಬೇಡಿ, ಪರಿಶಿಷ್ಟರ ಕಾಗದಕ್ಕೆ ವರ್ಷ ವರ್ಷ ನವೀಕರಣ ಬೇಕಿಲ್ಲ. ಮದುವೆಯಾಗಿ ಬಂದ ಹೆಂಗಸರು ತವರಿಗೆ ಹಬ್ಬಕ್ಕೆ ಹೋದಾಗಲೇ ಅಣ್ಣತಮ್ಮಂದಿರ ಕಾಗದದ ನಕಲು ತಂದಿಟ್ಟುಕೊಳ್ಳಿ. ಶಾಲೆಯ ಪುಸ್ತಕದಲ್ಲಿ ಜಾತಿಯ ಹೆಸರು ಪಟ್ಟಿಯಲ್ಲಿರುವಂತೆಯೇ ಇದೆಯೇ ನೋಡಿ, ನಿಮ್ಮ ಮಕ್ಕಳದ್ದಂತೂ ಈಗಲೇ ನೋಡಿ. ಹಿಂದುಳಿದ ವರ್ಗದವರು ಇನ್ನೊಂದು ಗಮನಿಸಬೇಕು: ನೌಕರಿಯ 2ಎ, 3ಬಿ ಲೆಕ್ಕ ಬೇರೆ, ಪಂಚಾಯ್ತಿಯ 'ಅ' ಮತ್ತು 'ಬ' ವರ್ಗದ ಲೆಕ್ಕ ಬೇರೆ. ಯಾವುದಕ್ಕೆ ಬೇಕು ಎಂದು ಕೇಳಿಯೇ ಅರ್ಜಿ ಹಾಕಿ.

ಇನ್ನು ಚಿಕ್ಕಮ್ಮನ ವಿಷಯ. 11ನೇ ತಾರೀಖು ಮಧ್ಯಾಹ್ನ ಮೂರು ಗಂಟೆಗೆ ನಾಮಪತ್ರದ ಹೊತ್ತು ಮುಗಿಯಿತು. ಅವರು ಆಗ ತವರಿನ ನಾಡಕಚೇರಿಯಲ್ಲಿದ್ದರು, ಸರ್ವರ್ ನಿಧಾನವಾಗಿತ್ತು. ವಾರ್ಡಿಗೆ ಬಂದದ್ದು ಒಂದೇ ನಾಮಪತ್ರ. ಹಾಕಿದವರೂ ಅದೇ ಕೇರಿಯ ಹೆಣ್ಣುಮಗಳು, ಕಾಗದ ಸರಿಯಾಗಿಯೇ ಇತ್ತು. ಅದನ್ನು ಎರಡು ತಿಂಗಳು ಮೊದಲೇ, ತಾನು ಕೂಲಿಗೆ ಹೋಗುವ ಜಮೀನಿನ ಯಜಮಾನರು ತಮ್ಮ ಕಾರಿನಲ್ಲೇ ಕರೆದುಕೊಂಡು ಹೋಗಿ ಮಾಡಿಸಿಕೊಟ್ಟಿದ್ದರು. ಅವಿರೋಧ ಆಯ್ಕೆ. ಐದು ವರ್ಷ ಸಭೆಯ ನಡವಳಿ ಪುಸ್ತಕಕ್ಕೆ ಆಕೆ ಸಹಿ ಹಾಕಿದ್ದು ಯಜಮಾನರ ಮನೆಯ ಜಗಲಿಯಲ್ಲಿ ಎಂದು ಕೇರಿಯವರು ಹೇಳುತ್ತಾರೆ. ನೀರಿನ ಟ್ಯಾಂಕು ಹಾಗೇ ಇದೆ.

ಚಿಕ್ಕಮ್ಮನ ಕಾಗದ ಹದಿನೈದು ದಿನ ಬಿಟ್ಟು ಬಂತು. ಆರ್‌ಡಿ ಸಂಖ್ಯೆ, ತಹಶೀಲ್ದಾರರ ಡಿಜಿಟಲ್ ಸಹಿ ಎಲ್ಲ ಇದೆ. ಲ್ಯಾಮಿನೇಷನ್ ಮಾಡಿಸಿ ಟ್ರಂಕಿನಲ್ಲಿ ಇಟ್ಟಿದ್ದಾರೆ. ವಾರ್ಡಿನ ಮೀಸಲು ಪ್ರತಿ ಚುನಾವಣೆಗೂ ಸುತ್ತುತ್ತದೆ ಎಂದು ನಾವು ಹೇಳಿದಾಗ, "ಹಂಗಾರೆ ಸಾಮಾನ್ಯಕ್ಕೆ ಬಂದ್ರೆ ಈ ಕಾಗ್ದ ಬ್ಯಾಡವಾ?" ಅಂತ ಕೇಳಿದರು. ಬೇಡ, ಸಾಮಾನ್ಯ ವಾರ್ಡಿನಲ್ಲಿ ಯಾರು ಬೇಕಾದರೂ ನಿಲ್ಲಬಹುದು, ಠೇವಣಿ ಕಡಿಮೆ ಮಾಡಿಸಲು ಮಾತ್ರ ಕಾಗದ ಬೇಕು ಎಂದೆವು. "ಅಲ್ಲಿ ನಿಂತ್ರೆ ವೋಟು ಹಾಕ್ತಾರಾ ಅನ್ನೋದು ಬ್ಯಾರೆ ಮಾತು" ಎಂದು ನಕ್ಕು ಟ್ರಂಕು ಮುಚ್ಚಿದರು.